ಬಾಗಿಲ ಪಕ್ಕದ ಗೇಣು ಗೋಡೆ

ಕಾಂತರಾಜ್ ಸೀಮೆಎಣ್ಣೆ ಬಟ್ಟೆಯಿಂದ ಭಾವನ ಉಗುರು ಉಜ್ಜುತ್ತಿದ್ದ. ಯಾರದೋ ಮನೆ ಕಿಟಕಿಯ ಹಸಿರು ಬಣ್ಣ ಉಗುರಿನ ಸಂದಿಯಲ್ಲಿ ಕೂತುಬಿಟ್ಟಿತ್ತು. ಜನ್ನಾಪುರದ ಆ ಇಕ್ಕಟ್ಟಿನ ಓಣಿಯಲ್ಲಿ, ತನ್ನ ಮನೆಯ ಜಗಲಿಯ ಮೇಲೆ, ಪೇಂಟರ್ ಭೂತಪ್ಪನ ಹೆಣ ಮಲಗಿತ್ತು. ನಿನ್ನೆ ಸಂಜೆ ಶಿವಮೊಗ್ಗದ ಬಸ್ಸಿಳಿದು ಬಂದವನು ಎದೆ ಹಿಡಿದುಕೊಂಡು ಕೂತ. ಮತ್ತೆ ಏಳಲಿಲ್ಲ.

"ಸಾಕು ಬಿಡೋ," ಎಂದಳು ಅವನ ಅಕ್ಕ, ಭೂತಪ್ಪನ ಹೆಂಡತಿ ಹುಲಿಗೆಮ್ಮ. "ಜೀವ ಇದ್ದಾಗ್ಲೇ ಹೋಗ್ಲಿಲ್ಲ ಅದು."

ಶಿವಮೊಗ್ಗದ ಹೊಸಮನೆ ಬಡಾವಣೆಯ ಅರ್ಧ ಬೀದಿಯ ಹೊರಗೋಡೆಗಳಿಗೆ ಬಣ್ಣ ಹೊಡೆದ ಕೈ ಅದು. ಅಲ್ಲಿಂದ ಒಂದು ನಾಯಿಯೂ ಬಂದಿರಲಿಲ್ಲ. ಅವನು ಕೆಲಸ ಹಿಡಿದಿದ್ದ ಮನೆಯ ಷಣ್ಮುಖಪ್ಪನವರಿಗೆ ಎಸ್‌ಟಿಡಿ ಬೂತ್‌ನಿಂದ ಫೋನ್ ಮಾಡಿದರೆ, ಛೇ ಎಂದವರು, ಹಿಂದಿನ ಗೋಡೆ ಬಾಕಿ ಇದೆಯಲ್ಲ, ಇನ್ಯಾರನ್ನು ಕಳಿಸ್ತೀರಿ ಎಂದು ಕೇಳಿದ್ದರು. ಕಾಂತರಾಜ್ ಫೋನ್ ಕುಕ್ಕಿ ಬಂದಿದ್ದ.

ಹುಲಿಗೆಮ್ಮ ಗಂಡನ ಮುಖ ನೋಡುತ್ತಿರಲಿಲ್ಲ. ಬಾಗಿಲ ಪಕ್ಕದ ಗೋಡೆ ನೋಡುತ್ತಿದ್ದಳು. ಅಲ್ಲಿ ಎದೆಮಟ್ಟದಲ್ಲಿ ಒಂದು ಗೇಣು ಜಾಗ ಬರೀ ಸಿಮೆಂಟು.

*

ಯಾವ ಮನೆ ಮುಗಿಸಿದರೂ ಭೂತಪ್ಪ ಬಾಗಿಲ ಪಕ್ಕ ಒಂದು ಗೇಣು ಬಿಡುತ್ತಿದ್ದ. ಮನೆಯ ಹೆಂಗಸಿನ ಕೈಗೆ ಬ್ರಷ್ ಕೊಟ್ಟು, ಇಷ್ಟು ನೀವೇ ತುಂಬಿ ಅಮ್ಮಾ, ಅಲ್ಲಿವರೆಗೂ ಇದು ನನ್ನ ಗೋಡೆ, ಎಂದು ನಗುತ್ತಿದ್ದ.

ಹೋದ ದೀಪಾವಳಿಗೆ ಸ್ವಂತ ಮನೆಗೆ ಹೊಡೆದ. ಅವರಿವರ ಮನೆಯಲ್ಲಿ ಉಳಿದಿದ್ದನ್ನೆಲ್ಲ ಕೇಳಿ ತಂದು ಒಂದೇ ಬಕೆಟ್ಟಿಗೆ ಸುರಿದ. ಹಳದಿಯೂ ಅಲ್ಲ, ಕಂದೂ ಅಲ್ಲ, ಹೆಸರಿಲ್ಲದ ಬಣ್ಣ ಬಂತು. ನಲ್ಲಿಯ ಹತ್ತಿರ ಹೆಂಗಸರು ನಕ್ಕರು. ಹುಲಿಗೆಮ್ಮ ಬ್ರಷ್ ಮುಟ್ಟಲಿಲ್ಲ.

"ಊರವರ ಎಂಜಲು ನನ್ ಗೋಡೆಗಾ?"

ಭೂತಪ್ಪ ಡಬ್ಬದ ಮುಚ್ಚಳ ಬಿಗಿದ. "ಸಿಟ್ಟಿಳಿದ್ ಮೇಲೆ ಹಚ್ಚು ಮಾರಾಯ್ತಿ. ಆ ಜಾಗ ನಾನಂತೂ ಮುಟ್ಟಲ್ಲ."

ಸಿಟ್ಟು ಎಂದೋ ಇಳಿದಿತ್ತು. ಬಿಗುಮಾನ ಬಿಟ್ಟಿರಲಿಲ್ಲ. ಸಂಕ್ರಾಂತಿಗೆ ಹಚ್ಚಿದರಾಯಿತು ಎಂದುಕೊಂಡಿದ್ದಳು.

*

ಚಟ್ಟ ಕಟ್ಟಿದ್ದಾಯಿತು. ಹುಲಿಗೆಮ್ಮ ಒಳಗೆ ಹೋಗಿ ಡಬ್ಬ, ಬ್ರಷ್ ತಂದಳು.

ಭೂತಪ್ಪನ ಅಣ್ಣ ಪುಟ್ಟಣ್ಣ ಅಡ್ಡ ಬಂದ. ಸೂತಕದ ಮನೆಗೆ ಸುಣ್ಣಬಣ್ಣ ತಾಗಿಸಬಾರದು, ತಿಥಿ ಕಳೆಯಲಿ ಎಂದ.

"ತಿಥಿ ಹೊತ್ತಿಗೆ ಅವ್ರು ಇಲ್ಲಿರ್ತಾರಾ ಭಾವ?"

"ಜನ ಏನಂತಾರೆ?"

"ಜನ ನಕ್ರು ಅಂತಾನೇ ಆವತ್ತು ಹಚ್ಲಿಲ್ಲ ನಾನು."

ಪುಟ್ಟಣ್ಣ ಡಬ್ಬಕ್ಕೆ ಕೈ ಹಾಕಿದ. ಕಾಂತರಾಜ್ ಆ ಕೈಯನ್ನು ಹಿಡಿದುಕೊಂಡ, ಬಿಡಲಿಲ್ಲ.

ಮುಚ್ಚಳ ತೆಗೆದರೆ ಬಣ್ಣದ ಮೇಲೆ ದಪ್ಪನೆ ಕೆನೆ ಕಟ್ಟಿತ್ತು. ಹುಲಿಗೆಮ್ಮ ಬೆರಳಿಂದ ಒತ್ತಿದಳು. ಕೆನೆ ಹರಿಯಿತು. ಕೆಳಗೆ ಇನ್ನೂ ಹಸಿ. ಬ್ರಷ್ ಅದ್ದಿ ಸೊಟ್ಟಸೊಟ್ಟಗೆ ಎಳೆದಳು. ಸಿಮೆಂಟು ಮುಚ್ಚುವವರೆಗೂ ಎಳೆದಳು.

ಚಟ್ಟ ಹೆಗಲಿಗೇರಿತು. ಓಣಿಯಲ್ಲಿ ತಿರುಗಿಸುವಾಗ ಹೊದಿಸಿದ ಬಿಳಿ ಬಟ್ಟೆಯ ಇಳಿಬಿದ್ದ ಅಂಚು ಹಸಿ ಗೋಡೆಯನ್ನು ಸವರಿತು. ಪುಟ್ಟಣ್ಣ ಒರೆಸಲು ಟವೆಲ್ ಎಳೆದುಕೊಂಡವನು, ಹುಲಿಗೆಮ್ಮನ ಕಡೆ ನೋಡಿ, ಮತ್ತೆ ಹೆಗಲಿಗೇ ಹಾಕಿಕೊಂಡ.

ಓಣಿ ತಿರುಗುವವರೆಗೂ, ಬಿಳಿ ಬಟ್ಟೆಯ ಮೇಲೆ ಆ ಹೆಸರಿಲ್ಲದ ಬಣ್ಣದ ಗೇಣುದ್ದದ ಗೆರೆ ಕಾಣುತ್ತಲೇ ಇತ್ತು.