ನಾಲ್ಕು ಸೂತಿನ ಸ್ಪ್ಯಾನರ್

ಮಾಯಸಂದ್ರದಲ್ಲಿ ಬಸ್ಸಿಳಿಯುತ್ತಲೇ ದಿಲ್ಶಾದ್ ಬೇಗಂ ಚೀಲವನ್ನು ಎಡ ಹೆಗಲಿನಿಂದ ಬಲಕ್ಕೆ ಹಾಕಿಕೊಂಡಳು. ಒಳಗಿದ್ದುದೆಲ್ಲ ಕಬ್ಬಿಣ. ಮೂವತ್ತು ವರ್ಷ ಆ ಚೀಲವನ್ನು ಗಂಡ ಲಿಯಾಕತ್ ಅಲಿಯೇ ಹೊತ್ತಿದ್ದ. ತುರುವೇಕೆರೆ ಸುತ್ತಿನ ಪಂಪು, ಗಿರಣಿ, ಇಂಜಿನ್ನು ಅವನ ಕೈ ಕಾಣದವು ಕಡಿಮೆ. ಸಕ್ಕರೆ ಕಾಯಿಲೆ ಬಂದು, ಕಣ್ಣಿಗೆ ಪೊರೆ ಕವಿದ ಮೇಲೆ ಚೀಲ ಅವಳ ಹೆಗಲಿಗೆ ಬಂದಿತ್ತು; ಅವನು ಬರಿಗೈಯಲ್ಲಿ ಅವಳ ಹಿಂದೆ ನಡೆಯುತ್ತಿದ್ದ.

ಇವತ್ತು ಬೆಳಿಗ್ಗೆ ಅವಳು ಗಂಡನಿಗೆ ಹೇಳದೆ ನಾಲ್ಕು ಸ್ಪ್ಯಾನರ್‌ಗಳನ್ನು ತೆಗೆದು ಮಂಚದ ಕೆಳಗೆ ತಳ್ಳಿ ಬಂದಿದ್ದಳು. ಅವನ್ನು ಅವನು ವರ್ಷಗಳಿಂದ ಕೇಳಿರಲಿಲ್ಲ. ಮೇಲಾಗಿ ಅವುಗಳ ಮೇಲಿದ್ದ ಅಂಕಿಗಳೂ ಅವಳಿಗೆ ಸರಿಯೆನಿಸಿರಲಿಲ್ಲ. ರಾತ್ರಿ ಶಾಲೆಯಲ್ಲಿ ಮಂಗಳಾ ಟೀಚರ್ ಹೇಳಿಕೊಟ್ಟ ಪ್ರಕಾರ ಒಂದರ ಕೆಳಗೆ ಎರಡು ಬರೆದರೆ ಅರ್ಧ. ಅರ್ಧವೆಂದರೆ ಒಂದಕ್ಕಿಂತ ಕಡಿಮೆ. ಆದರೆ ಅರ್ಧ ಎಂದು ಬರೆದ ಆ ಸ್ಪ್ಯಾನರ್ ಹದಿನೇಳು ಎಂದು ಬರೆದದ್ದಕ್ಕಿಂತ ದೊಡ್ಡದಾಗಿ ಬಾಯಿ ತೆರೆದುಕೊಂಡಿತ್ತು. ಸುಳ್ಳು ಹೇಳುವ ಕಬ್ಬಿಣವನ್ನು ಹೊತ್ತು ಯಾವ ಪುಣ್ಯ ಬರಬೇಕು?

ಅವಳು ಹೇಳದೆ ಉಳಿಸಿಕೊಂಡದ್ದು ಇನ್ನೊಂದಿತ್ತು. ಲಿಯಾಕತ್ ಎಂದೂ ಅಂಕಿ ನೋಡಿದವನಲ್ಲ. ನಟ್ಟಿನ ಮೇಲೆ ಹೆಬ್ಬೆರಳಿಟ್ಟು "ಹದಿನಾಲ್ಕು" ಎಂದರೆ ಅದು ಹದಿನಾಲ್ಕೇ. ಈಗ ಆ ಬೆರಳು ಮರಗಟ್ಟಿತ್ತು. ಹಾಲ್ಕುರಿಕೆಯಲ್ಲಿ ಒಂದು ಪಂಪಿನ ನಟ್ಟಿಗೆ ದೊಡ್ಡ ಸ್ಪ್ಯಾನರ್ ಹಾಕಿ, ಅದರ ಮೂಲೆಗಳೆಲ್ಲ ಸವೆದು ಗುಂಡಗಾದ ಮೇಲೆ ಆ ಊರಿನವರು ಅವನನ್ನು ಮತ್ತೆ ಕರೆದಿರಲಿಲ್ಲ. ಅಂದಿನಿಂದ ಅವನು ಯಾವ ಅಂಕಿ ಕೂಗಿದರೂ ಅವಳು ನಟ್ಟನ್ನು ಕಣ್ಣಲ್ಲೇ ಅಳೆದು, ಸರಿಹೊಂದುವುದನ್ನೇ ಕೈಗಿಡುತ್ತಿದ್ದಳು. ಕೆಲಸ ಆಗುತ್ತಿತ್ತು. ಬೆರಳು ಇನ್ನೂ ಸರಿಯಿದೆಯೆಂದು ಅವನು ನಂಬಿಕೊಂಡಿದ್ದ.

ಹಿಟ್ಟಿನ ಗಿರಣಿಯ ಭೈರಮ್ಮ ಬಾಗಿಲಲ್ಲೇ ಕಾಯುತ್ತಿದ್ದಳು.

"ಬನ್ನಿ ಸಾಬ್ರೇ. ತಿಪಟೂರಿಂದ ಹಳೇ ಮಿಷನ್ ತಂದು ತಿಂಗಳಾಗಿಲ್ಲ, ಆಗ್ಲೇ ಹಲ್ಲು ಕಡೀತೈತೆ."

"ಬೇರಿಂಗ್ ಹೋಗಿರ್ತದೆ ಭೈರಮ್ನೋರೇ. ಬಿಚ್ಚಿ ನೋಡಾನ."

"ನೋಡಿ ಮತ್ತೆ, ನಟ್ಟು ಗುಂಡಗೆ ಮಾಡ್ಬುಟ್ಟೀರ. ಹಾಲ್ಕುರಿಕೆ ಸುದ್ದಿ ನಮ್ಗೂ ಬಂದೈತೆ."

ರಾಗಿ ಬೀಸಿಸಲು ಬಂದು ಚೀಲದ ಮೇಲೆ ಕೂತಿದ್ದ ನಿಂಗಮ್ಮ ಕಿಸಕ್ಕನೆ ನಕ್ಕಳು. ಲಿಯಾಕತ್ ನಗಲಿಲ್ಲ. ಬೇರಿಂಗಿನ ಮುಚ್ಚಳವನ್ನು ನಾಲ್ಕು ನಟ್ಟುಗಳು ಹಿಡಿದಿದ್ದವು. ಮೊದಲನೆಯದರ ಮೇಲೆ ಬೆರಳಿಟ್ಟ.

"ಹತ್ತೊಂಬತ್ತು ಕೊಡು."

ಹತ್ತೊಂಬತ್ತು ಅದರ ಹತ್ತಿರಕ್ಕೂ ಸುಳಿಯುವಂತಿರಲಿಲ್ಲ. ದಿಲ್ಶಾದ್ ಇಪ್ಪತ್ತೆರಡನ್ನು ಕೊಟ್ಟಳು. ಅದು ನಟ್ಟಿಗೆ ಕೂರಲಿಲ್ಲ. ಸದ್ದಿಲ್ಲದೆ ಇಪ್ಪತ್ನಾಲ್ಕನ್ನು ಕೊಟ್ಟಳು. ಅದು ಕೂತಿತು, ಆದರೆ ಸಡಿಲ ಬಳೆಯ ಹಾಗೆ ಅಲ್ಲಾಡಿತು. ಎರಡರ ನಡುವಿನದು ಚೀಲದಲ್ಲಿ ಬೇರೆ ಇರಲಿಲ್ಲ. ಲಿಯಾಕತ್ ಹಿಡಿಗೆ ಮೈಭಾರ ಕೊಡಲು ಕಾಲು ಊರಿದ.

ಇನ್ನೊಂದು ಎಳೆತಕ್ಕೆ ಮೂಲೆ ಹೋಗುತ್ತದೆ. ಮೂಲೆಯ ಜೊತೆಗೆ ಇವನ ಹೆಸರೂ. ಬೇಡ ಎಂದರೆ ಇಷ್ಟು ದಿನದ್ದೆಲ್ಲ ಬಯಲಾಗುತ್ತದೆ. ಯೋಚಿಸುವುದಕ್ಕೂ ಅವಳಿಗೆ ಸಾಕಾಗಿ ಹೋಗಿತ್ತು. ಅವನ ಮಣಿಕಟ್ಟು ಹಿಡಿದುಕೊಂಡಳು.

"ರೀ, ಎಳೀಬೇಡಿ. ಸಡ್ಲ ಐತೆ."

"ಹತ್ತೊಂಬತ್ತು ಹೆಂಗೆ ಸಡ್ಲ ಆಗ್ತದೆ?"

"ಅದು ಇಪ್ಪತ್ನಾಲ್ಕು ಕಣ್ರೀ."

ಅವನು ಸ್ಪ್ಯಾನರನ್ನು ಕಣ್ಣಿನ ಹತ್ತಿರಕ್ಕೆ ತಂದ, ದೂರ ಹಿಡಿದ. ಎರಡರಲ್ಲೂ ಏನೂ ಕಾಣಲಿಲ್ಲ.

"ಎಷ್ಟು ದಿವ್ಸದಿಂದ ಹಿಂಗೆ?" ತಗ್ಗಿದ ದನಿಯಲ್ಲಿ ಕೇಳಿದ.

"ಹಾಲ್ಕುರಿಕೆ ಆದಾಗ್ನಿಂದ."

ಲಿಯಾಕತ್ ಹೆಬ್ಬೆರಳನ್ನು ಲುಂಗಿಗೆ ಉಜ್ಜಿದ, ಅಂಟಿದ ಗ್ರೀಸಿನದೇ ತಪ್ಪು ಎನ್ನುವಂತೆ. ಮತ್ತೆ ನಟ್ಟಿನ ಮೇಲಿಟ್ಟ. ಮತ್ತೆ ತೆಗೆದ.

"ಏನ್ ಗಂಡ ಹೆಂಡ್ತಿ ನಟ್ಟಿನ ಜಾತಕ ನೋಡ್ತಾ ಕೂತ್ರಲ್ಲ!" ಎಂದಳು ನಿಂಗಮ್ಮ.

ಅವನು ಹೆಂಡತಿಯ ಕಡೆ ತಿರುಗಿ ಕೇಳಿದ: "ನಟ್ಟಿನ ಮೇಲೆ ಬೋಲ್ಟಿನ ತುದಿ ಇಣುಕ್ತದಲ್ಲ, ಎಷ್ಟು ದಪ್ಪ?"

"ನನ್ ಕಿರುಬೆರಳಷ್ಟು."

"ಅರ್ಧ ಇಂಚು. ಇದು ಇಂಚಿನ ಕಾಲದ ಮಿಷನ್ನು. ಇಂಚಿಗೆ ಎಂಟು ಸೂತು, ಅರ್ಧಕ್ಕೆ ನಾಲ್ಕು. ಆ ನಾಲ್ಕು ಸೂತಿನ ಸ್ಪ್ಯಾನರ್ ತೆಗಿ, ಒಂದರ ಕೆಳ್ಗೆ ಎರಡು ಇರೋದು."

ದಿಲ್ಶಾದ್ ಚೀಲದ ಬಾಯಿ ಮುಚ್ಚಿದಳು. "ಅದು ಮನೇಲಿ, ಮಂಚದ ಕೆಳ್ಗೈತೆ."

"ಯಾಕೆ?"

"ಭಾರ ಆಯ್ತು. ಅರ್ಧ ಅಂತ ಬರೆದಿತ್ತು. ಅಷ್ಟು ಸಣ್ಣ ನಟ್ಟು ಯಾರತ್ರ ಐತೆ ಅಂದ್ಕಂಡೆ."

"ಅದು ನಟ್ಟಿನ ಅಗಲ ಅಲ್ಲ ಕಣೇ, ಬೋಲ್ಟಿನ ದಪ್ಪ! ಈಗಿನವರು ನಟ್ಟು ಅಳೆದು ಬರೀತಾರೆ, ಆಗಿನವರು ಬೋಲ್ಟು ಅಳೆದು ಬರೀತಿದ್ರು." ಬೈಯಲು ತೆರೆದ ಬಾಯಿಂದ ಯಾಕೋ ನಗೆ ಬಂತು, ಅದೂ ಅರ್ಧಕ್ಕೇ ನಿಂತಿತು. "ನಾನಾದ್ರೂ ಯಾವತ್ತು ಹೇಳ್ಕೊಟ್ಟೆ ಬುಡು."

ಸೀಮೆಎಣ್ಣೆ ಇಸಿದುಕೊಂಡು ನಾಲ್ಕೂ ನಟ್ಟುಗಳಿಗೆ ಹನಿಸಿ ಅವನು ಎದ್ದ. ಗೋಡೆ ಹಿಡಿದು ಭೈರಮ್ಮನ ಮುಂದೆ ನಿಂತ.

"ಭೈರಮ್ನೋರೇ, ಇವತ್ತು ಆಗಲ್ಲ. ತುಕ್ಕು ನೆನೀಲಿ, ನಾಳೆ ಬತ್ತೀವಿ." ಒಂದು ಉಸಿರು ಬಿಟ್ಟ. "ನನ್ ಬೆರಳು ಹೋಯ್ತು. ಇನ್ಮೇಲೆ ನಟ್ಟು ನೋಡೋದು ಇವಳು."

ಭೈರಮ್ಮ ಇಬ್ಬರನ್ನೂ ನೋಡಿದಳು. ನಿಂಗಮ್ಮನ ನಗೆ ಎಲ್ಲಿ ಅಡಗಿತೋ.

"ಯಾರಾರ ನೋಡ್ಲಿ. ನಟ್ಟು ನೆಟ್ಟಗಿದ್ರೆ ಸೈ," ಎಂದಳು ಭೈರಮ್ಮ. "ದಿಲ್ಶಾದಮ್ಮ, ನಾಳೆ ಬಿಸ್ಲೇರೋ ಮುಂಚೆ ಬಂದ್ಬುಡು. ನಿಂಗಮ್ಮನ ರಾಗಿ ಕಾಯ್ತೈತೆ."

ಮಾರನೆಯ ದಿನ ಚೀಲ ನಾಲ್ಕು ಸ್ಪ್ಯಾನರ್‌ಗಳಷ್ಟು ಹೆಚ್ಚು ಭಾರವಿತ್ತು. ಲಿಯಾಕತ್ ಅದರ ಒಂದು ಕಿವಿಯನ್ನು ಹಿಡಿದುಕೊಂಡ. ಹಿಡಿದದ್ದರಿಂದ ಭಾರವೇನೂ ಇಳಿಯಲಿಲ್ಲ, ನಡಿಗೆ ನಿಧಾನವಾಯಿತು ಅಷ್ಟೆ. ದಿಲ್ಶಾದ್ ಬೇಡ ಎನ್ನಲಿಲ್ಲ.

ಸುಳ್ಳು ಹೇಳುತ್ತದೆಂದು ಅವಳು ಬಿಟ್ಟುಬಂದಿದ್ದ ಸ್ಪ್ಯಾನರ್ ನಟ್ಟನ್ನು ಕಚ್ಚಿ ಕೂತಿತು, ಕೂದಲೆಳೆಯೂ ನುಸುಳದಂತೆ. ಅವಳು ಎರಡೂ ಕೈ ಕೊಟ್ಟು ಎಳೆದಳು. ಅವನು ರಾಗಿ ಚೀಲದ ಪಕ್ಕ ತಲೆ ಬಾಗಿಸಿ ಕೂತು ಕೇಳುತ್ತಿದ್ದ. ನಟ್ಟು ಕದಲಿದ್ದು ಅವಳ ಕೈಗೆ ತಿಳಿಯುವ ಮೊದಲೇ ಕಬ್ಬಿಣ ಕಿರ್ರೆಂದಿತು.

"ಬಿಟ್ಕೊಂಡ್ತು," ಎಂದ ಲಿಯಾಕತ್.

ಇನ್ನೂ ಮೂರಿದ್ದವು. ದಿಲ್ಶಾದ್ ಸೊಂಟಕ್ಕೆ ಕೈ ಕೊಟ್ಟು ಎರಡನೆಯದರ ಕಡೆಗೆ ಸರಿದಳು.