ಹದಿನೈದು ನಿಮಿಷದ ಬೆಳ್ಳಿಹಬ್ಬ

ಕ್ಯಾರೊಲಿನಳ ಮದುವೆಯಾದದ್ದು ೧೯೮೮ರ ಮೇ ಇಪ್ಪತ್ತೈದರಂದು. ಇಪ್ಪತ್ತೈದು ವರ್ಷ ಕಳೆದ ಮೇಲೆ, ಯುರೋಪಿನ ಕ್ಲಬ್ಬುಗಳು ಅವಳನ್ನು ಒಂದು ಮಾತೂ ಕೇಳದೆ ಅದೇ ತಾರೀಖಿಗೆ ತಮ್ಮ ಫುಟ್‌ಬಾಲ್ ಫೈನಲ್ ಇಟ್ಟುಕೊಂಡವು. ಆಟ ಲಂಡನ್ನಿನಲ್ಲಿ, ಆಡುವ ತಂಡಗಳೆರಡೂ ಜರ್ಮನಿಯವು, ನೋಡಲು ಹಪಹಪಿಸುವವರು ಅಬುಧಾಬಿಯಲ್ಲಿರುವ ಮಂಗಳೂರಿನವರು. ಇದರಲ್ಲಿ ಯಾರಿಗೆ ಯಾರು ಸಂಬಂಧ ಎಂದು ಅವಳು ಕೇಳಿದ್ದಕ್ಕೆ ಗಂಡ ಆಸ್ವಾಲ್ಡ್ ಮುಖ ಗಂಟು ಹಾಕಿಕೊಂಡ.

“ಕೆಂಪು ಅಂಗಿಯವರು ನಮ್ಮವರು ಕ್ಯಾರೊ,” ಎಂದ.

ತನ್ನ ತವರಿನವರನ್ನು ಅವನು ಒಂದು ಸಲವಾದರೂ ಹಾಗೆ ‘ನಮ್ಮವರು’ ಎಂದದ್ದು ಅವಳಿಗೆ ನೆನಪಾಗಲಿಲ್ಲ.

ಕರಾವಳಿಯ ಕ್ರೈಸ್ತರ ಸಮಾರಂಭಗಳಲ್ಲಿ ಟೋಸ್ಟ್ ಎಂಬುದೊಂದಿದೆ. ಮಾತು ಬಲ್ಲವನೊಬ್ಬ ವೈನಿನ ಗ್ಲಾಸು ಹಿಡಿದು ನಿಂತು, ಇವರು ನಾವೇ ಹೌದೋ ಎಂದು ದಂಪತಿಗೆ ಅನುಮಾನ ಬರುವಷ್ಟು ಹೊಗಳುತ್ತಾನೆ. ಆಮೇಲೆ ಗಂಡ ಎದ್ದು ಉತ್ತರ ಕೊಡಬೇಕು. ಹೆಂಡತಿಯ ಬಗ್ಗೆ ನಾಲ್ಕು ಮಾತು ಆಡುವುದು ಅಲ್ಲಿಯೇ. ಮದುವೆಯ ದಿನ ಆಸ್ವಾಲ್ಡನ ಪರವಾಗಿ ಅವನ ಸೋದರಮಾವ ಉತ್ತರ ಕೊಟ್ಟಿದ್ದರು. ಮಗ ಕೆವಿನ್‌ನ ನಾಮಕರಣದಲ್ಲಿ ಗೆಳೆಯ ರುಡೊಲ್ಫ್ ಕೊಟ್ಟ. ಕೇಳಿದವರಿಗೆಲ್ಲ ಕ್ಯಾರೊಲಿನ್, “ಅವರಿಗೆ ಮಾತು ಬರುದಿಲ್ಲ, ಮನಸ್ಸಿನಲ್ಲಿ ಎಲ್ಲ ಉಂಟು,” ಎಂದು ಹೇಳುತ್ತ ಬಂದಳು. ಹೇಳಿ ಹೇಳಿ ಅವಳೂ ಅದನ್ನು ನಂಬಿದ್ದಳು. ಮಾತು ಬೆಳ್ಳಿ, ಮೌನ ಬಂಗಾರ ಎನ್ನುತ್ತಾರೆ. ಆ ಲೆಕ್ಕದಲ್ಲಿ ಅವಳಷ್ಟು ಬಂಗಾರ ಕಂಡ ಹೆಂಗಸು ಇಡೀ ಎಮಿರೇಟ್ಸಿನಲ್ಲಿ ಇನ್ನೊಬ್ಬಳಿರಲಿಲ್ಲ.

ಈ ಸಲ ಮಾತ್ರ ಆಸ್ವಾಲ್ಡ್ ತಾನಾಗಿಯೇ ಮಾತು ಕೊಟ್ಟಿದ್ದ. “ಬೆಳ್ಳಿಹಬ್ಬಕ್ಕೆ ನಾನೇ ಹೇಳ್ತೇನೆ. ಬರೆದಿಟ್ಕೊಂಡು ಹೇಳ್ತೇನೆ.” ಅವಳಿಗೆ ಬೇಕಾಗಿದ್ದದ್ದೂ ಅಷ್ಟೇ. ನೂರೈವತ್ತು ಜನರ ಎದುರು, ಅವನ ಬಾಯಿಂದ, ತನ್ನ ಬಗ್ಗೆ ನಾಲ್ಕು ಮಾತು.

ಆಮಂತ್ರಣ ಹೋಯಿತು. ಫೋನ್ ಮಾಡಿದವರೆಲ್ಲ ಮೊದಲು ಕೇಳಿದ್ದು, ಹಾಲ್‌ನಲ್ಲಿ ಸ್ಕ್ರೀನ್ ಉಂಟಾ ಎಂದು. ಆಸ್ವಾಲ್ಡ್ ತಲೆಕೆಡಿಸಿಕೊಳ್ಳಲಿಲ್ಲ. ಅವನು ದೊಡ್ಡ ಪ್ರೊಜೆಕ್ಟರ್ ಗೊತ್ತುಮಾಡಿ, ಊಟ ಮೊದಲು, ಕೇಕು, ಟೋಸ್ಟು, ಉತ್ತರ ಎಲ್ಲ ಆಟದ ಇಂಟರ್ವಲ್‌ನಲ್ಲಿ ಎಂದು ಕಾರ್ಯಕ್ರಮ ಹಾಕಿದ.

“ಮಾಮ್, ಚಿಲ್,” ಎಂದ ಕೆವಿನ್. “ಹಾಫ್ ಟೈಮ್ ಈಸ್ ಫಿಫ್ಟೀನ್ ಮಿನಿಟ್ಸ್. ಪ್ಲೆಂಟಿ.”

“ಹೌದಪ್ಪ, ವರ್ಷಕ್ಕೆ ಅರ್ಧ ನಿಮಿಷಕ್ಕಿಂತ ಜಾಸ್ತಿಯೇ ಸಿಕ್ತದೆ,” ಎಂದಳು ಕ್ಯಾರೊಲಿನ್. “ಕೇಕು ನಾನು ಕತ್ತರಿಸುದಾ, ಇಲ್ಲ ರೆಫ್ರಿ ಬಂದು ವಿಸಿಲ್ ಊದ್ಬೇಕಾ?”

ಹೋಟೆಲಿನ ಹಾಲ್ ತುಂಬಿತು. ಅತಿಥಿಗಳು ಕುರ್ಚಿಗಳನ್ನೆಲ್ಲ ಸ್ಕ್ರೀನಿನ ಕಡೆಗೆ ತಿರುಗಿಸಿಕೊಂಡು ವೇದಿಕೆಗೆ ಬೆನ್ನು ಹಾಕಿ ಕುಳಿತರು. ಹೂವಿನ ಕಮಾನಿನ ಕೆಳಗೆ ಕ್ಯಾರೊಲಿನ್ ನೂರೈವತ್ತು ಬೆನ್ನುಗಳನ್ನು ನೋಡುತ್ತ ಕುಳಿತಳು. ಆಸ್ವಾಲ್ಡ್ ಸೂಟಿನ ಒಳಗೆ ಕೆಂಪು ಅಂಗಿ ಹಾಕಿಕೊಂಡು ಮೊದಲ ಸಾಲಿನಲ್ಲಿದ್ದ. ನಲವತ್ತೈದು ನಿಮಿಷ ಹಾಲ್ ಕಿರುಚಿ ಸುಸ್ತಾಯಿತು, ಒಂದು ಗೋಲೂ ಬರಲಿಲ್ಲ.

ಇಂಟರ್ವಲ್ ಬಂತು. ಇಪ್ಪತ್ತು ನಿಮಿಷಕ್ಕೆ ಕಡಿಮೆ ಟೋಸ್ಟ್ ಹೇಳಿಯೇ ಗೊತ್ತಿಲ್ಲದ ರುಡೊಲ್ಫ್ ಅಂದು ಆದಾಮ ಹವ್ವರಿಂದ ಹೊರಟು ನಾಲ್ಕೇ ನಿಮಿಷದಲ್ಲಿ ಅಬುಧಾಬಿ ತಲುಪಿದ. ಕೇಕಿಗೆ ಚೂರಿ ತಾಗಿತೋ ಇಲ್ಲವೋ, ಚಪ್ಪಾಳೆ ಮುಗಿದಿತ್ತು. ಆಸ್ವಾಲ್ಡ್ ಜೇಬಿನಿಂದ ಚೀಟಿ ತೆಗೆದ. ಕ್ಯಾರೊಲಿನ್ ಸೆರಗು ಸರಿಮಾಡಿಕೊಂಡು ನೆಟ್ಟಗೆ ಕುಳಿತಳು.

“ಫಾದರಿಗೆ ಥ್ಯಾಂಕ್ಸ್. ಹೋಟೆಲಿನವರಿಗೆ ಥ್ಯಾಂಕ್ಸ್. ರುಡೊಲ್ಫ್‌ಗೆ ಥ್ಯಾಂಕ್ಸ್. ಪ್ರೊಜೆಕ್ಟರಿನ ಅಬೂಬಕ್ಕರ್, ಅವ ಇಲ್ಲದಿದ್ರೆ ಇವತ್ತು ಈ ಕಾರ್ಯಕ್ರಮವೇ ಇಲ್ಲ, ಅವನಿಗೊಂದು ದೊಡ್ಡ ಚಪ್ಪಾಳೆ. ಮತ್ತೆ ನನ್ನ ಹೆಂಡತಿಗೆ ಥ್ಯಾಂಕ್ಸ್. ಯಲ್ಲಾ, ಬೇಗ ಕೂತ್ಕೊಳ್ಳಿ, ಆಟ ಶುರುವಾಯ್ತು.”

ಆಸ್ಪತ್ರೆಯಲ್ಲಿ ಕ್ಯಾರೊಲಿನಳ ಜೊತೆ ಕೆಲಸ ಮಾಡುವ ನರ್ಸ್ ಸುಸನ್ ಪಕ್ಕದಲ್ಲಿ ಬಂದು ಕುಳಿತು ಕೈ ಹಿಡಿದಳು. “ಬೇಜಾರು ಮಾಡ್ಬೇಡ. ಮಾತು ಬರದವರು ಎಂತ ಮಾಡ್ತಾರೆ?”

“ಹೌದು, ಪಾಪ,” ಎಂದಳು ಕ್ಯಾರೊಲಿನ್. ನೋವಾಗಿತ್ತು, ಆದರೆ ಹಳೆಯ ನೋವು. ಅದಕ್ಕೆ ಮದ್ದು ಅವಳ ಬಳಿಯೇ ಇತ್ತು: ಮನಸ್ಸಿನಲ್ಲಿ ಎಲ್ಲ ಉಂಟು.

ಮತ್ತೆ ಆಟ. ಕೆಂಪಿನವರು ಒಂದು ಗೋಲು ಹೊಡೆದರು, ಹಳದಿಯವರು ಪೆನಾಲ್ಟಿಯಲ್ಲಿ ಅದನ್ನು ತೀರಿಸಿದರು. ಮುಗಿಯಲು ಇನ್ನೇನು ಒಂದು ನಿಮಿಷ ಎನ್ನುವಾಗ ಕೆಂಪಿನವನೊಬ್ಬ ಚೆಂಡನ್ನು ಮೆಲ್ಲಗೆ ಒಳಗೆ ತಳ್ಳಿದ. ಹಾಲ್ ಎದ್ದು ಕುಣಿಯಿತು. ಆಟ ಮುಗಿದದ್ದೇ ರುಡೊಲ್ಫ್ ಓಡಿಬಂದು ಆಸ್ವಾಲ್ಡನ ಕೈಗೆ ಮೈಕ್ ತುರುಕಿದ.

“ಎಂತ ಹೇಳುದು ಅಂತ ಗೊತ್ತಾಗುದಿಲ್ಲ,” ಎಂದು ಶುರುಮಾಡಿದವನು ಚೀಟಿಯಿಲ್ಲದೆ, ತಡೆಯಿಲ್ಲದೆ, ಹದಿನೆಂಟು ನಿಮಿಷ ಹೇಳಿದ.

“ನಾನು ಜೆಬೆಲ್ ಅಲಿ ಕ್ಯಾಂಪಿಗೆ ಬಂದಾಗ ಒಂದು ರೂಮಿನಲ್ಲಿ ಎಂಟು ಜನ. ಎಂಟು ಜನ ಇದ್ರೂ ನಾನು ಒಬ್ಬನೇ. ಆಗ ನನ್ನನ್ನು ಹಿಡಿದು ನಿಲ್ಲಿಸಿದವರು ಈ ಕೆಂಪು ಅಂಗಿಯವರು. ಬೆಳಿಗ್ಗೆ ಎದ್ರೆ ಇವರ ನೆನಪು, ಮಲಗಿದ್ರೆ ಇವರ ನೆನಪು.”

ಆ ವರ್ಷಗಳಲ್ಲಿ ಕ್ಯಾರೊಲಿನ್ ಊರಿನಿಂದ ವಾರಕ್ಕೊಂದು ಕಾಗದ ಬರೆಯುತ್ತಿದ್ದಳು. ತಿಂಗಳಿಗೊಮ್ಮೆ ಉತ್ತರ ಬರುತ್ತಿತ್ತು: ನಾನು ಕ್ಷೇಮ, ಇಲ್ಲಿ ಸೆಕೆ ಜಾಸ್ತಿ.

“ಎರಡು ಸಾವಿರದ ಒಂಬತ್ತರಲ್ಲಿ ಕೆಲಸ ಹೋಯ್ತು. ಏಳು ತಿಂಗಳು ಮನೆಯಲ್ಲಿ ಕೂತೆ. ಆಗ ನನ್ನ ಕೈ ಬಿಡದವರು ಯಾರು? ಇವರು!”

ಆ ಏಳು ತಿಂಗಳು ಅವಳು ಬನಿಯಾಸಿನ ಆಸ್ಪತ್ರೆಯಲ್ಲಿ ಡಬಲ್ ಡ್ಯೂಟಿ ಮಾಡಿ ಮನೆ ನಡೆಸಿದ್ದಳು. ಈ ಹನ್ನೊಂದು ಮಂದಿಯಲ್ಲಿ ಒಬ್ಬನಾದರೂ ಒಂದು ಪ್ಯಾಕೆಟ್ ಹಾಲು ತಂದುಕೊಟ್ಟದ್ದನ್ನು ಅವಳು ಕಂಡಿರಲಿಲ್ಲ.

“ಹೋದ ವರ್ಷ ಫೈನಲಿನಲ್ಲಿ ಸೋತ್ರು. ಸೋತ್ರೆ ಬಿಡ್ಲಿಕ್ಕೆ ಆಗ್ತದಾ? ಒಮ್ಮೆ ನಮ್ಮವರು ಅಂದ ಮೇಲೆ ಸುಖದಲ್ಲಿಯೂ ನಮ್ಮವರು, ಕಷ್ಟದಲ್ಲಿಯೂ ನಮ್ಮವರು, ಸಾಯುವವರೆಗೂ ನಮ್ಮವರು!” ಅವನು ಸ್ಕ್ರೀನಿನತ್ತ ತಿರುಗಿದ. ಅಲ್ಲಿ ಕೆಂಪು ಅಂಗಿಯವರು ಕಪ್ ಎತ್ತುತ್ತಿದ್ದರು. “ಐ ಲವ್ ಯೂ!” ಎಂದ. ಕಣ್ಣಲ್ಲಿ ನೀರು ಧಾರೆಯಾಗಿ ಇಳಿಯುತ್ತಿತ್ತು.

ಇಂಥ ಉತ್ತರ ತನ್ನ ಜೀವಮಾನದಲ್ಲಿ ಕೇಳಿಲ್ಲ ಎಂದು ರುಡೊಲ್ಫ್ ಮೂಗು ಒರೆಸಿಕೊಂಡ. ಸುಸನ್ ಕ್ಯಾರೊಲಿನಳ ಮುಖ ನೋಡಲಾರದೆ ನೆಲ ನೋಡಿದಳು.

ಕ್ಯಾರೊಲಿನ್ ಇದ್ದಲ್ಲೇ ಇದ್ದಳು. ಗಂಡನಿಗೆ ಮಾತು ಬರುತ್ತದೆ. ಸೊಗಸಾಗಿ ಬರುತ್ತದೆ. ಬರುವುದಿಲ್ಲ ಎಂದು ತಿಳಿದು ಇಷ್ಟು ವರ್ಷ ಅವನನ್ನು ಕ್ಷಮಿಸುತ್ತ ಬಂದಿದ್ದಳು. ಇನ್ನು ಮೇಲೆ ಏನೆಂದು ಕ್ಷಮಿಸುವುದು ಎಂದು ಅವಳಿಗೆ ತಿಳಿಯಲಿಲ್ಲ. ಎಲ್ಲದಕ್ಕೂ ನಾಲಿಗೆಯ ತುದಿಯಲ್ಲಿ ಜವಾಬು ಇಟ್ಟುಕೊಂಡಿದ್ದವಳು ಅತ್ತುಬಿಟ್ಟಳು.

ಮೈಕ್ ಹಿಡಿದೇ ಆಸ್ವಾಲ್ಡ್ ವೇದಿಕೆಯತ್ತ ತಿರುಗಿದ. ಅವಳನ್ನು ಕಂಡ. ಅವನ ಮುಖ ಅರಳಿತು.

“ನೋಡಿ, ನೋಡಿ! ನನ್ನ ಕ್ಯಾರೊಲಿನ್ ಕೂಡ ಅಳ್ತಾ ಇದ್ದಾಳೆ! ಇಪ್ಪತ್ತೈದು ವರ್ಷದಿಂದ ನನಗೆ ಗೊತ್ತೇ ಇರ್ಲಿಲ್ಲ ಮಾರಾಯ್ರೆ, ಇವಳೂ ನಮ್ಮ ಟೀಮೇ!”

ನೂರೈವತ್ತು ಜನ ಕುರ್ಚಿ ತಿರುಗಿಸಿ, ಅಂದು ಮೊದಲ ಸಲ ಅವಳ ಮುಖ ನೋಡಿ, ಎದ್ದು ನಿಂತು ಚಪ್ಪಾಳೆ ತಟ್ಟಿದರು.