ಬಿಲ್ ಕೊಟ್ಟು ಮಾರಿದ ಮಿಠಾಯಿ

ಇದಿನಬ್ಬನಿಗೆ ಈಚೆಗೆ ಬೇರೆಯವರ ತಪ್ಪುಗಳನ್ನು ಕೇಳಿಯೇ ಸುಸ್ತಾಗುತ್ತಿತ್ತು. ಶಾರ್ಜಾದ ಅಂಗಡಿಯಲ್ಲಿ ಅರ್ಧ ಆಯುಷ್ಯ ನಿಂತು ಮಂಡಿ ಸವೆಸಿಕೊಂಡು ಬಂದವನು. ನಂತೂರಿನ ಹಿಂದಿನ ಓಣಿಯಲ್ಲಿ ಲಾರಿಗಳ ಹಾರ್ನ್ ಕೇಳುತ್ತಾ ಸುಮ್ಮನೆ ಕೂರುವುದೊಂದೇ ಅವನ ಆಸೆ. ಅದಕ್ಕೂ ಮನೆಯವರು ಬಿಡಬೇಕಲ್ಲ!

ಆ ಬೆಳಿಗ್ಗೆ ಅಳಿಯ ಅರಾಫತ್ ತನ್ನ ಚೀಲವನ್ನೆಲ್ಲ ಬುಡಮೇಲು ಮಾಡಿ ಏನನ್ನೋ ಹುಡುಕುತ್ತಿದ್ದ. ಅಮೆರಿಕದ ಪ್ರವಾಸಿ ಹಡಗಿನ ಅಡುಗೆಮನೆಯಲ್ಲಿ ಅವನ ಕೆಲಸ. ರಜೆಗೆಂದು ನಿನ್ನೆಯಷ್ಟೇ ಬಂದಿದ್ದ.

"ಆ ಡಬ್ಬಿಯ ಮಿಠಾಯಿಯಾ? ನಾನು ಪಾಲು ಮಾಡಿದೆ," ಎಂದಳು ಇದಿನಬ್ಬನ ಹೆಂಡತಿ ನಾಝಿಮಾ ಅಡುಗೆಮನೆಯಿಂದ.

ವಿದೇಶದಿಂದ ಯಾವ ತಿಂಡಿ ಬಂದರೂ ನೆರೆಮನೆಯ ಪಾಲು ಹೋಗದೆ ಈ ಮನೆಯಲ್ಲಿ ಯಾರೂ ಬಾಯಿಗೆ ಹಾಕುವಂತಿಲ್ಲ. ಡಬ್ಬಿಯ ಮೇಲೇನು ಬರೆದಿದೆಯೆಂದು ನೋಡುವ ಅಭ್ಯಾಸ ನಾಝಿಮಾಳಿಗಿಲ್ಲ. ಚಾಕಲೇಟು, ಖರ್ಜೂರ, ಮಿಠಾಯಿ ಎಲ್ಲವನ್ನೂ ಒಂದೇ ತಟ್ಟೆಗೆ ಸುರಿದು, ಹಿಡಿ ಹಿಡಿಯಾಗಿ ಕವರಿಗೆ ತುಂಬುವುದು ಅವಳ ಪದ್ಧತಿ.

"ಕುಶಲಕ್ಕನ ಪಾಲು ನಿನ್ನೆಯೇ ಕೊಟ್ಟಾಯ್ತು. ಉಳಿದದ್ದು ಇಲ್ಲುಂಟು."

ಅರಾಫತನ ಮುಖ ಬಿಳುಚಿತು. ಮಾವನನ್ನು ಅಂಗಳಕ್ಕೆ ಕರೆದ.

"ಮಾಮ, ಅದರಲ್ಲಿ ಗಾಂಜಾ ಉಂಟು."

ಇದಿನಬ್ಬ ಮೆಟ್ಟಿಲ ಮೇಲೆ ಕೂತುಬಿಟ್ಟ.

"ಕದ್ದು ತಂದದ್ದಲ್ಲ ಮಾಮ. ಸಿಯಾಟಲ್‌ನಲ್ಲಿ ಅದಕ್ಕೆ ಅಂಗಡಿಯೇ ಉಂಟು. ಇಪ್ಪತ್ತೊಂದು ಪ್ರಾಯ ಆದವರಿಗೆ ಐಡಿ ನೋಡಿ, ಬಿಲ್ ಕೊಟ್ಟು ಮಾರ್ತಾರೆ. ಆ ರಾಜ್ಯದ ಕಾನೂನೇ ಹಾಗೆ. ಪಕ್ಕದ ರಾಜ್ಯದಲ್ಲಿ ಅದನ್ನೇ ಇಟ್ಟುಕೊಂಡ್ರೆ ಕೇಸು. ನನಗೆ ನಿದ್ದೆ ಬರುದಿಲ್ಲ, ಅದಕ್ಕೆ..."

"ಇಲ್ಲಿಯ ಕಾನೂನು ಎಂತ ಅಂತ ಗೊತ್ತಿತ್ತಲ್ಲ?"

"ಗೊತ್ತಿತ್ತು."

ಬೈಯಲೂ ತ್ರಾಣ ಬೇಕು. "ಉಳಿದದ್ದನ್ನೆಲ್ಲ ಕಕ್ಕಸಿಗೆ ಸುರಿದು ನೀರು ಬಿಡು," ಎಂದಷ್ಟೇ ಹೇಳಿ ಇದಿನಬ್ಬ ಕುಂಟುತ್ತಾ ಪಕ್ಕದ ಮನೆಗೆ ಹೋದ.

ಕುಶಲಾ ಗುಡಿಸುತ್ತಿದ್ದಳು. ಮಗ ಗಲ್ಫಿಗೆ ಹೊರಟ ಸಂಭ್ರಮ ಮುಖದ ತುಂಬ. "ಮುಖೇಶ ಆಗಲೇ ಬಜಪೆ ಏರ್ಪೋರ್ಟಿಗೆ ಮುಟ್ಟಿದ, ಇದಿನಬ್ಬಣ್ಣ. ನಾಝಿಮಕ್ಕ ಕೊಟ್ಟ ಕವರು ಹಾಗೇ ಅವನ ಬಾಕ್ಸಿಗೆ ಹಾಕಿದೆ. ಮಸ್ಕತ್ತಿನ ರೂಮಿನವರಿಗೆ ಆಯ್ತಲ್ಲ. ಇವತ್ತು ಹೋಗ್ಲೇಬೇಕು, ನಾಳೆ ಆದ್ರೆ ವೀಸಾ ಇಲ್ಲ."

ಗಲ್ಫಿನ ವಿಮಾನ ನಿಲ್ದಾಣಗಳನ್ನು ಇದಿನಬ್ಬ ಬಲ್ಲ. ಯಾರೋ ಕೊಟ್ಟ ಪೊಟ್ಟಣ ಹೊತ್ತು ಹೋಗಿ ಒಳಗೆ ಬಿದ್ದವರನ್ನೂ ಬಲ್ಲ. ನನಗೆ ಗೊತ್ತಿರಲಿಲ್ಲ ಎಂಬ ಮಾತು ಅಲ್ಲಿ ನಡೆಯುವುದಿಲ್ಲ.

ಅಲ್ಲೇ ನಿಂತು ಮುಖೇಶನಿಗೆ ಫೋನ್ ಮಾಡಿದ. ಬಾಕ್ಸ್ ಆಗಲೇ ವಿಮಾನಕ್ಕೆಂದು ಒಳಗೆ ಹೋಗಿತ್ತು; ಮುಖೇಶ್ ಪಾಸ್‌ಪೋರ್ಟ್ ತೋರಿಸುವ ಸಾಲಿನಲ್ಲಿದ್ದ. ನಿಜ ಹೇಳಿದರೆ ಹುಡುಗ ಗಾಬರಿಬಿದ್ದು ಅಲ್ಲೇ ಬಾಯಿಬಿಡುತ್ತಾನೆ. ಆಮೇಲೆ ಪೊಲೀಸು, ಅರಾಫತ್, ಮಗಳ ಬಾಳು. ಬ್ಯಾರಿ ಮನೆಯವರು ಹಿಂದೂ ಹುಡುಗನ ಬಾಕ್ಸಿಗೆ ಗಾಂಜಾ ಹಾಕಿದರು ಎಂಬ ಸುದ್ದಿ ಸಂಜೆಯೊಳಗೆ ಎಲ್ಲರ ಮೊಬೈಲಿನಲ್ಲಿ. ಈ ಊರಿಗೆ ಅಷ್ಟೇ ಸಾಕು.

"ಮುಖೇಶಾ, ನಿನ್ನ ಅಮ್ಮನಿಗೆ ಎದೆನೋವು ಬಂದಿದೆ. ವಿಮಾನ ಹತ್ತಬೇಡ. ಬಾಕ್ಸ್ ವಾಪಸ್ ಕೇಳಿ ತಕೊಂಡು ಬಾ."

ಪೊರಕೆ ಹಿಡಿದ ಕುಶಲಾ ಬಾಯಿ ತೆರೆದು ನಿಂತಿದ್ದಳು. ಇದಿನಬ್ಬ ಅವಳಿಗೆ ಎಲ್ಲವನ್ನೂ ಹೇಳಿದ, ಏನನ್ನೂ ಬಿಡದೆ. ಅವಳು ನೆಲಕ್ಕೆ ಕುಸಿದಳು.

"ಎಷ್ಟು ಅಲೆದು ಸಿಕ್ಕಿದ ವೀಸಾ ಅದು, ದೇವರೇ!" ಎಂದು ಅತ್ತಳು. "ನಿಮ್ಮ ಅಳಿಯನನ್ನು ನನ್ನ ಕಣ್ಣೆದುರು ತರಬೇಡಿ."

"ತರುದಿಲ್ಲ. ಮುಖೇಶ ಬರ್ಲಿ, ನಾನೇ ಅವನಿಗೆ ನಿಜ ಹೇಳ್ತೇನೆ."

"ಬೇಡ." ಅವಳು ತಟ್ಟನೆ ತಲೆಯೆತ್ತಿದಳು. "ಅವನ ಗೆಳೆಯರು ಎಂಥವರು ಅಂತ ನಿಮಗೆ ಗೊತ್ತುಂಟಲ್ಲ? ನಾಳೆ ನಿಮ್ಮ ಗೇಟಿನೆದುರು ನಿಲ್ತಾರೆ. ನಾಝಿಮಕ್ಕನ ಬಾಗಿಲಿಗೆ ಕಲ್ಲು ಬೀಳುದನ್ನು ನೋಡಿಕೊಂಡು ನಾನು ಇಲ್ಲಿ ಬದುಕಬೇಕಾ?"

ಕುಶಲಾ ಎದ್ದು ಚಾಪೆ ಹಾಸಿದಳು.

"ಎದೆನೋವು ಬಂದವರು ಯಾವ ಕೈ ಹಿಡಿದುಕೊಳ್ಳುದು ಇದಿನಬ್ಬಣ್ಣ, ಎಡದ್ದಾ?"

"ಎಡದ್ದು."

ಅವಳು ಹಾಗೆಯೇ ಮಲಗಿದಳು. ಬಿಸಿಲೇರಿದ ಮೇಲೆ ಆಟೋ ಬಂತು. ಮುಖೇಶ್ ಬಾಕ್ಸನ್ನು ಜಗಲಿಯಲ್ಲಿ ಎಸೆದು ಒಳಗೆ ಓಡಿದ. ಅಳುವಂತೆ ನಟಿಸಬೇಕಾದ ಕಷ್ಟ ಕುಶಲಾಳಿಗೆ ಬರಲಿಲ್ಲ.

"ಈಗ ಕಮ್ಮಿ ಉಂಟು ಮಗಾ. ಆ ಬಾಕ್ಸ್ ನೀನು ಬಿಚ್ಚಬೇಡ, ನಾನೇ ಬಿಚ್ತೇನೆ."

ಇದಿನಬ್ಬ ಮೆಲ್ಲನೆ ಹೊರಗೆ ಜಾರಿದ. ಮುಖೇಶ್ ಹಿಂದೆಯೇ ಬಂದು ಅವನ ಎರಡೂ ಕೈಗಳನ್ನು ಹಿಡಿದುಕೊಂಡ.

"ವೀಸಾ ಹೋದ್ರೆ ಹೋಗ್ಲಿ ಕಾಕಾ. ನೀವು ಇಲ್ಲದಿದ್ರೆ ನನ್ನ ಅಮ್ಮ ಇವತ್ತು ಇರ್ತಿರ್ಲಿಲ್ಲ."

ಇದಿನಬ್ಬನಿಗೆ ಕೈ ಬಿಡಿಸಿಕೊಳ್ಳಲು ಆಗಲಿಲ್ಲ. ಒಳಗೆ ಚಾಪೆಯ ಮೇಲೆ ಕುಶಲಾ ಗೋಡೆಯ ಕಡೆಗೆ ಮಗ್ಗುಲಾದಳು.